‘ವರ್ಷಾ ಎಂದೇ ಇಡಬಹುದಿತ್ತಲ್ಲ?’

ನನ್ನ ಮಗಳ ಹೆಸರು ಮೊಟ್ಲಲೆಪುಲ. ಮೊದಲ ಸಲ ಕೇಳಿದವರು ಒಂದು ಗಳಿಗೆ ಸುಮ್ಮನಾಗುತ್ತಾರೆ. ಬ್ಯಾಂಕಿನಲ್ಲಿ ಅವಳಿಗೊಂದು ಖಾತೆ ತೆರೆಯಲು ಹೋದಾಗ ಕೌಂಟರಿನಲ್ಲಿದ್ದ ಹುಡುಗ ಅರ್ಜಿಯ ಚೌಕಗಳನ್ನು ಪೆನ್ನಿನ ತುದಿಯಿಂದ ಎಣಿಸಿ, “ಮೇಡಂ, ಇದು ಹೆಸರೋ ಊರೋ?” ಎಂದು ಕೇಳಿದ. ಚಳ್ಳಕೆರೆಯಲ್ಲಿರುವ ನಮ್ಮವ್ವನಿಗೆ ಮಾತ್ರ ಇದೊಂದು ಸಮಸ್ಯೆಯೇ ಆಗಲಿಲ್ಲ. ಫೋನಿನಲ್ಲಿ ಎರಡು ಸಲ ಹೇಳಿಸಿಕೊಂಡು, “ಅಷ್ಟುದ್ದ ನನ್ನ ಬಾಯಲ್ಲಿ ಹೊರಳುವುದಿಲ್ಲ, ಪುಲ್ಲಮ್ಮ ಎನ್ನುತ್ತೇನೆ” ಎಂದಳು. ಆಂಧ್ರದ ಗಡಿಗೆ ಹತ್ತಿರದ ಊರು ಅದು, ಪುಲ್ಲಮ್ಮ ಎಂದರೆ ಯಾರೂ ಹುಬ್ಬೇರಿಸುವುದಿಲ್ಲ.

ಅರ್ಥ ಕೇಳಿದವರಿಗೆ ‘ಮಳೆಯೊಡನೆ ಬಂದವಳು’ ಎನ್ನುತ್ತೇನೆ. ಆಫ್ರಿಕಾದ ಬೋಟ್ಸ್ವಾನಾ ದೇಶದ ಸೆಟ್ಸ್ವಾನಾ ಭಾಷೆಯ ಹೆಸರು ಎಂದೂ ಸೇರಿಸುತ್ತೇನೆ. ಅಷ್ಟು ಹೇಳಿದ್ದೇ ತಡ, ಮುಂದಿನ ಪ್ರಶ್ನೆ ಸಿದ್ಧವಾಗಿರುತ್ತದೆ: “ಹಾಗಾದರೆ ವರ್ಷಾ ಎಂದೇ ಇಡಬಹುದಿತ್ತಲ್ಲ? ಅರ್ಥ ಒಂದೇ ತಾನೇ?” ಮದುವೆಮನೆಯ ಊಟದ ಸಾಲಿನಲ್ಲಿ, ಶಾಲೆಯ ಗೇಟಿನ ಮುಂದೆ, ರೈಲಿನಲ್ಲಿ ಎದುರು ಸೀಟಿನವರಿಂದ ಇದೇ ಪ್ರಶ್ನೆ. ನಿಂತ ನಿಲುವಿನಲ್ಲಿ ಅರ್ಧ ಉತ್ತರ ಕೊಟ್ಟು ಕೊಟ್ಟು ನನಗೂ ಬೇಸರವಾಗಿದೆ. ಪೂರ್ತಿ ಉತ್ತರವನ್ನು ಇಲ್ಲಿ ಬರೆದಿಡುತ್ತೇನೆ, ಇನ್ನು ಮುಂದೆ ಕೇಳಿದವರಿಗೆ ಇದನ್ನೇ ತೋರಿಸಬಹುದು.

ವರ್ಷಾ ಒಳ್ಳೆಯ ಹೆಸರೇ. ನಿಜ ಹೇಳಬೇಕೆಂದರೆ ನಾವು ಬರೆದಿಟ್ಟುಕೊಂಡಿದ್ದ ಪಟ್ಟಿಯಲ್ಲಿ ಅದೂ ಇತ್ತು. ಆದರೆ ಅರ್ಥ ಒಂದೇ ಅಲ್ಲ.

ಮೊದಲು ಪದವನ್ನು ಬಿಡಿಸುತ್ತೇನೆ. ಮೊ, ಟ್ಲ, ಲೆ, ಪುಲ. ಪುಲ ಎಂದರೆ ಮಳೆ, ಲೆ ಎಂದರೆ ಜೊತೆ, ಟ್ಲ ಎಂದರೆ ಬರು. ಮೊದಲಿನ ‘ಮೊ’ ಮನುಷ್ಯರನ್ನು ಸೂಚಿಸುವ ಪ್ರತ್ಯಯ. ನಾವು ಪದದ ಬಾಲಕ್ಕೆ ಅಂಟಿಸುವುದನ್ನು ಅವರು ತಲೆಗೆ ಅಂಟಿಸುತ್ತಾರೆ. ಆ ಜನರಲ್ಲಿ ಒಬ್ಬರಾದರೆ ಮೊಟ್ಸ್ವಾನಾ, ಹಲವರಾದರೆ ಬಾಟ್ಸ್ವಾನಾ, ಅವರ ನುಡಿ ಸೆಟ್ಸ್ವಾನಾ, ಅವರ ನಾಡು ಬೋಟ್ಸ್ವಾನಾ. ಸೆಟ್ಸ್ವಾನಾದ ಕ್ರಿಯಾಪದದಲ್ಲಿ ‘ಬಂದನು’, ‘ಬಂದಳು’ ಎಂಬ ಭೇದವೂ ಇಲ್ಲ, ಹಾಗಾಗಿ ಈ ಹೆಸರು ಗಂಡುಮಗುವಿಗೂ ಸಲ್ಲುತ್ತದೆ. ನಾನು ‘ಬಂದವಳು’ ಎನ್ನುವಾಗ ಕನ್ನಡದ ಒತ್ತಾಯಕ್ಕೆ ಹಾಗೆ ಎನ್ನುತ್ತೇನೆ, ಅಷ್ಟೆ. ಇನ್ನು ಉಚ್ಚಾರ: ‘ಟ್ಲ’ವನ್ನು ನಾವು ಬಿಡಿಬಿಡಿಯಾಗಿ ಎರಡು ಅಕ್ಷರ ಎಂಬಂತೆ ಹೇಳುತ್ತೇವೆ. ಅಲ್ಲಿ ಅದು ಒಂದೇ ಸದ್ದು, ನಾಲಿಗೆಯ ಪಕ್ಕದಿಂದ ಗಾಳಿ ಜಾರಬೇಕು. ಆರು ವರ್ಷ ಅಲ್ಲಿದ್ದರೂ ನನಗದು ಸರಿಯಾಗಿ ಬರಲಿಲ್ಲ. ಹೆತ್ತವಳಿಗೇ ಮಗಳ ಹೆಸರು ಸರಿಯಾಗಿ ಹೇಳಲು ಬಾರದು ಎಂದು ನನ್ನ ಗಂಡ ಈಗಲೂ ಹಂಗಿಸುತ್ತಾರೆ.

ಪದ ಬಿಡಿಸಿದ್ದಾಯಿತು. ಈಗ ಮಳೆಯ ಮಾತು.

ಗಂಡನ ಲೆಕ್ಕಪತ್ರದ ಕೆಲಸದ ಬೆನ್ನು ಹಿಡಿದು ನಾವು ಗ್ಯಾಬೊರೋನ್ ನಗರಕ್ಕೆ ಹೋದದ್ದು 2014ರಲ್ಲಿ. ಬೋಟ್ಸ್ವಾನಾದ ಬಹುಪಾಲು ನೆಲ ಕಲಹಾರಿಯ ಮರಳು. ನೈಋತ್ಯದ ಮೂಲೆಯಲ್ಲಿ ವರ್ಷಕ್ಕೆ ಸುಮಾರು 250 ಮಿಲಿಮೀಟರ್ ಮಳೆ, ಈಶಾನ್ಯದ ತುದಿಯಲ್ಲಿ ಹೆಚ್ಚೆಂದರೆ 650. ಅದೂ ನವೆಂಬರಿನಿಂದ ಮಾರ್ಚ್ ಒಳಗೆ ಬಂದರೆ ಬಂತು, ಇಲ್ಲವಾದರೆ ಇಲ್ಲ. ಚಳ್ಳಕೆರೆಯವಳಾದ ನನಗೆ ಬರಗಾಲ ಹೊಸದೇನಲ್ಲ ಎಂಬ ಜಂಬ ಇತ್ತು. 2015ರಲ್ಲಿ ಗ್ಯಾಬೊರೋನ್ ಅಣೆಕಟ್ಟು ಬತ್ತಿತು, ಅದರಿಂದ ನೀರೆತ್ತುವುದನ್ನೇ ನಿಲ್ಲಿಸಬೇಕಾಯಿತು. ಒಂದು ದೇಶದ ರಾಜಧಾನಿ ಉತ್ತರದ ಅಣೆಕಟ್ಟುಗಳಿಂದ ಸುಮಾರು 360 ಕಿಲೋಮೀಟರ್ ಉದ್ದದ ಕೊಳವೆಯಲ್ಲಿ ಬರುವ ನೀರಿಗೆ ಕಾಯುತ್ತ ಕುಳಿತಿತು. ಕೊಳವೆ ಒಡೆದ ದಿನ ಊರೆಲ್ಲ ಬಕೆಟ್ಟು. ನಲ್ಲಿಗೆ ನೀರು ಬಿಡುವ ವೇಳಾಪಟ್ಟಿಯನ್ನು ಫ್ರಿಜ್ಜಿನ ಬಾಗಿಲಿಗೆ ಅಂಟಿಸಿಕೊಂಡಿದ್ದೆವು. ಪಕ್ಕದ ಮನೆಯ ಅಜ್ಜಿ ತಟ್ಟೆ ತೊಳೆದ ನೀರನ್ನು ಒಂದು ತಗಡಿನ ಡಬ್ಬದಲ್ಲಿ ಹಿಡಿದಿಟ್ಟು ಸಂಜೆ ತನ್ನ ಒಂದೇ ಒಂದು ನಿಂಬೆಗಿಡಕ್ಕೆ ಸುರಿಯುತ್ತಿದ್ದಳು. ಆಕೆ ಆಕಾಶ ನೋಡುವ ರೀತಿ ನನ್ನ ಅಪ್ಪನದೇ. ತಲೆ ಎತ್ತುತ್ತಿರಲಿಲ್ಲ, ಕಣ್ಣನ್ನಷ್ಟೇ ಮೇಲೆತ್ತಿ ಮತ್ತೆ ಕೆಳಗಿಳಿಸುತ್ತಿದ್ದಳು.

2017ರ ಫೆಬ್ರವರಿ 15ರಂದು ಮೊಜಾಂಬಿಕ್ ಕರಾವಳಿಗೆ ಒಂದು ಚಂಡಮಾರುತ ಅಪ್ಪಳಿಸಿತು. ಅದಕ್ಕಿಟ್ಟಿದ್ದ ಹೆಸರು ದಿನೆಓ, ಸೆಟ್ಸ್ವಾನಾದಲ್ಲಿ ‘ಕೊಡುಗೆಗಳು’ ಎಂದು. ಮೊಜಾಂಬಿಕ್‌ನಲ್ಲಿ ಅದು ಮನೆಗಳನ್ನು ಕೆಡವಿ ಜೀವಗಳನ್ನೂ ತೆಗೆದುಕೊಂಡಿತು, ಅಲ್ಲಿಯವರಿಗೆ ಆ ಹೆಸರು ಕ್ರೂರ ತಮಾಷೆಯಂತೆ ಕೇಳಿಸಿರಬೇಕು. ನಮ್ಮತ್ತ ಬರುವಷ್ಟರಲ್ಲಿ ಗಾಳಿಯ ಜೋರು ಇಳಿದು ಬರೀ ಮಳೆ ಉಳಿದಿತ್ತು. ಅದು ಸುರಿಯತೊಡಗಿದ ರಾತ್ರಿಯೇ ನಾನು ಹೆರಿಗೆಗೆ ಆಸ್ಪತ್ರೆ ಸೇರಿದ್ದು. ಬೆಳಗಿನ ಜಾವ ಮಗು ಹುಟ್ಟಿತು. ನಡುವಯಸ್ಸಿನ ನರ್ಸ್ ಮಗುವನ್ನು ಒರೆಸಿ, ಸುತ್ತಿ, ನನ್ನ ಪಕ್ಕಕ್ಕೆ ಮಲಗಿಸುವ ಬದಲು ನೇರ ಕಿಟಕಿಯ ಬಳಿಗೆ ಒಯ್ದಳು. ಗಾಜಿನ ಮೇಲೆ ನೀರು ಧಾರೆಯಾಗಿ ಇಳಿಯುತ್ತಿತ್ತು. “ಪುಲ!” ಎಂದಳು, ಮಗುವಿನ ಮುಖ ನೋಡಿಕೊಂಡು. ಆಮೇಲೆ ನನ್ನ ಕಡೆ ತಿರುಗಿ, ಹೆಸರು ಇಟ್ಟಾಯಿತು ಎನ್ನುವ ಧಾಟಿಯಲ್ಲಿ, “ಮೊಟ್ಲಲೆಪುಲ” ಎಂದಳು. ಮಧ್ಯಾಹ್ನದ ಹೊತ್ತಿಗೆ ನೆಲ ಒರೆಸುವವರಿಂದ ಹಿಡಿದು ವಾರ್ಡಿನ ಎಲ್ಲರ ಬಾಯಲ್ಲೂ ಅದೇ. ನಮ್ಮ ಪಟ್ಟಿ ನನ್ನ ಕೈಚೀಲದಲ್ಲೇ ಉಳಿಯಿತು. ಕೆಲವೇ ವಾರಗಳಲ್ಲಿ ಗ್ಯಾಬೊರೋನ್ ಅಣೆಕಟ್ಟು ತುಂಬಿ ಕೋಡಿ ಹರಿಯಿತು. ಜನ ಸಂಸಾರ ಸಮೇತ ಅದನ್ನು ನೋಡಲು ಹೋಗುತ್ತಿದ್ದರು. ನಾನು ಬಾಣಂತಿ, ಗಂಡನ ಮೊಬೈಲಿನಲ್ಲಿ ನೋಡಿದೆ.

ಬಾಣಂತನ ಎಂದಾಗ ನೆನಪಾಯಿತು, ಅದಕ್ಕೆ ಅಲ್ಲಿ ಬೊಟ್ಸೆಟ್ಸಿ ಎನ್ನುತ್ತಾರೆ. ತಾಯಿ, ಮಗು ಹೊರಗೆ ಬರುವಂತಿಲ್ಲ, ಕಂಡಕಂಡವರು ಒಳಗೆ ಹೋಗುವಂತಿಲ್ಲ. ಪಕ್ಕದ ಮನೆಯ ಅಜ್ಜಿ ನನ್ನನ್ನು ನೋಡಿಕೊಂಡ ಶಿಸ್ತಿಗೆ ನಮ್ಮವ್ವ ದೂರದಿಂದಲೇ ನೂರಕ್ಕೆ ನೂರು ಅಂಕ ಕೊಟ್ಟಳು.

ಆ ನರ್ಸ್ ಹೇಳಿದ ಒಂದು ಪದಕ್ಕೆ ಆ ನಾಡಿನಲ್ಲಿ ಎಷ್ಟು ತೂಕ ಎಂಬುದು ತಿಳಿಯದಿದ್ದರೆ ಹೆಸರೂ ಅರ್ಥವಾಗುವುದಿಲ್ಲ. ಸಭೆಯ ಕೊನೆಯಲ್ಲಿ ಮುಖಂಡರು ಕೈಯೆತ್ತಿ “ಪುಲ!” ಎಂದರೆ ನೆರೆದವರೆಲ್ಲ “ಪುಲ!” ಎಂದು ಕೂಗುತ್ತಾರೆ. ನಾವು ಜಯಕಾರ ಹಾಕುವ ಜಾಗದಲ್ಲಿ ಅವರು ಮಳೆಯನ್ನು ಕೂಗುತ್ತಾರೆ. ದೇಶದ ಲಾಂಛನದ ಮೇಲಿರುವ ಧ್ಯೇಯವಾಕ್ಯ ಆ ಒಂದೇ ಪದ, ಧ್ವಜದ ತಿಳಿನೀಲಿಯೂ ನೀರಿನದೇ. 1966ರ ಸೆಪ್ಟೆಂಬರ್ 30ರಂದು ಸ್ವತಂತ್ರವಾದ ದೇಶ ಹತ್ತು ವರ್ಷ ದಕ್ಷಿಣ ಆಫ್ರಿಕಾದ ರ‍್ಯಾಂಡ್ ಬಳಸಿ, 1976ರ ಆಗಸ್ಟ್ 23ರಂದು ತನ್ನದೇ ನಾಣ್ಯ ಚಲಾವಣೆಗೆ ತಂದಾಗ ಅದಕ್ಕೂ ಪುಲ ಎಂದೇ ಹೆಸರಿಟ್ಟಿತು. ಅದರ ನೂರನೆಯ ಒಂದು ಭಾಗ ಥೆಬೆ, ಎಂದರೆ ಗುರಾಣಿ. ಅಂಗಡಿಯಲ್ಲಿ ಚಿಲ್ಲರೆ ಎಣಿಸುವಾಗ ಮಳೆ ಎಣಿಸುತ್ತಿದ್ದೇನೆ ಎಂದು ನನಗೆ ಮೊದಮೊದಲು ನಗು ಬರುತ್ತಿತ್ತು, ಆಮೇಲೆ ರೂಢಿಯಾಯಿತು.

ಹಿಂದೆ ಮಳೆ ತರಿಸುವುದು ಅರಸನ ಹೊಣೆಯೂ ಆಗಿತ್ತು. ಗ್ಯಾಬೊರೋನ್ ಪಶ್ಚಿಮಕ್ಕೆ ಅಷ್ಟೇನೂ ದೂರವಲ್ಲದ ಕೊಲೊಬೆಂಗ್‌ನಲ್ಲಿ 1847ರಲ್ಲಿ ಡೇವಿಡ್ ಲಿವಿಂಗ್‌ಸ್ಟನ್ ಮನೆ ಕಟ್ಟಿಕೊಂಡು ಕ್ರೈಸ್ತ ಮತ ಬೋಧಿಸುತ್ತಿದ್ದ. ಬಾಕ್ವೆನಾ ಜನರ ಅರಸ ಸೆಚೆಲೆ ಸ್ವತಃ ಹೆಸರಾಂತ ಮಳೆಗಾರ. 1848ರಲ್ಲಿ ಅವನು ದೀಕ್ಷಾಸ್ನಾನ ಪಡೆದ. ಅವೇ ವರ್ಷಗಳಲ್ಲಿ ಬರವೂ ಬಿತ್ತು. ಪರದೇಶಿಯ ಮಂತ್ರ ನಮ್ಮ ಅರಸನ ಕೈ ಕಟ್ಟಿತು ಎಂದು ಜನ ನಂಬಿದ್ದರಲ್ಲಿ ಆಶ್ಚರ್ಯವೇನಿದೆ? ಮಳೆವೈದ್ಯನೊಬ್ಬನೊಡನೆ ನಡೆದ ವಾದವನ್ನು ಲಿವಿಂಗ್‌ಸ್ಟನ್ ತಾನೇ ಬರೆದಿಟ್ಟಿದ್ದಾನೆ. ನೀನು ಔಷಧ ಕೊಟ್ಟರೂ ಕೆಲವರು ಸಾಯುತ್ತಾರೆ, ಹಾಗೆಂದು ಔಷಧ ಕೊಡುವುದನ್ನು ಬಿಡುತ್ತೀಯಾ, ನನ್ನದೂ ಅದೇ ಕಸುಬು ಎಂಬ ಧಾಟಿಯಲ್ಲಿ ಮಳೆವೈದ್ಯ ವಾದಿಸುತ್ತಾನೆ. ನನ್ನನ್ನು ಕೇಳಿದರೆ ಆ ವಾದದಲ್ಲಿ ಗೆದ್ದವನು ಮಳೆವೈದ್ಯನೇ.

ಮಳೆಯ ಹೆಸರುಗಳು ಅಲ್ಲಿ ಒಂದೆರಡಲ್ಲ. ಹುಡುಗನಾದರೆ ಪುಲೆ, ಹುಡುಗಿಯಾದರೆ ಮ್ಪುಲೆ, ಪುಲೆಂಗ್, ಮ್ಮಾಪುಲ. 1999ರಲ್ಲಿ ಭುವನಸುಂದರಿಯಾದ ಬೋಟ್ಸ್ವಾನಾದ ಮ್ಪುಲೆ ಕ್ವೆಲಗೊಬೆಯ ಹೆಸರಿನಲ್ಲೂ ಇದೇ ಮಳೆ. ಆದರೆ ನನಗೆ ಹೆಚ್ಚು ಬೆರಗು ಹುಟ್ಟಿಸಿದ್ದು ಮಳೆಯಾಚೆಯ ಹೆಸರುಗಳು. ಮನೆಯಲ್ಲಿ ಸಾವಾದ ಬೆನ್ನಿಗೆ ಹುಟ್ಟಿದವಳು ದಿಕೆಲೆಡಿ, ‘ಕಣ್ಣೀರು’. ಕೆಸೆಂಟ್ಸೆಂಗ್ ಎಂಬ ಹೆಸರಂತೂ ಇಡೀ ಒಂದು ವಾಕ್ಯ: ‘ನಾನೇನು ತಪ್ಪು ಮಾಡಿದೆ?’ ಹೆತ್ತವಳು ಯಾರಿಗೋ ಕೇಳಬೇಕಾಗಿದ್ದ ಪ್ರಶ್ನೆಯನ್ನು ಮಗುವಿನ ಹೆಸರಾಗಿಸಿ, ದಿನಕ್ಕೆ ಹತ್ತು ಸಲ ಅಂಗಳದಲ್ಲಿ ನಿಂತು ಕೂಗಿ ಕರೆಯುತ್ತಾಳೆ. ಬೇಲಿಯಾಚೆಯವರಿಗೆ ತಲುಪಬೇಕಾದದ್ದು ತಲುಪುತ್ತದೆ. ಹುಟ್ಟಿದ ಮಕ್ಕಳು ಉಳಿಯದ ಮನೆಯಲ್ಲಿ ಮುಂದಿನ ಮಗು ಮಟ್ಲಕಲ, ಎಂದರೆ ಕಸ. ಸಾವು ಕಸವನ್ನೇಕೆ ಎತ್ತಿಕೊಂಡು ಹೋಗುತ್ತದೆ ಎಂಬ ಲೆಕ್ಕ. ಇದನ್ನು ಕೇಳಿದ ದಿನ ನಾನು ಪಕ್ಕದ ಮನೆಯ ಅಜ್ಜಿಗೆ ನಮ್ಮ ಊರಿನ ತಿಪ್ಪಯ್ಯ, ತಿಪ್ಪಮ್ಮಂದಿರ ಕಥೆ ಹೇಳಿದೆ. ಎಳೆಗೂಸನ್ನು ತಿಪ್ಪೆಯ ಮೇಲೆ ಉರುಳಿಸಿ, ಸಿಕ್ಕಿದ ಮಗು ಎಂದು ಮನೆಗೆ ತಂದು, ಅದೇ ಹೆಸರಿಡುತ್ತಿದ್ದರು ಎಂದೆ. ಆಕೆಗೆ ಏನೂ ವಿಚಿತ್ರ ಎನಿಸಲಿಲ್ಲ. “ಉಳಿಯುತ್ತಿದ್ದವೇ?” ಎಂದಷ್ಟೇ ಕೇಳಿದಳು.

ದೇಶದ ಮೊದಲ ಅಧ್ಯಕ್ಷರ ಹೆಸರೂ ಇಂಥದ್ದೇ. ಸೆರೆಟ್ಸೆ ಖಾಮಾ ಹುಟ್ಟಿದ್ದು 1921ರಲ್ಲಿ. ಅವರ ತಂದೆ ಸೆಕ್ಗೊಮಾ ಮತ್ತು ಅಜ್ಜ, ದೊರೆ ಮೂರನೆಯ ಖಾಮಾ, ವರ್ಷಗಟ್ಟಲೆ ಮುಖ ನೋಡದವರು, ಕೊನೆಗೆ ರಾಜಿಯಾಗಿದ್ದರು. ಮೊಮ್ಮಗನಿಗೆ ಸೆರೆಟ್ಸೆ ಎಂದು ಹೆಸರಿಟ್ಟರು. ಬಿರುಕು ಮೆತ್ತುವ ಕೆಸರು, ಒಂದನ್ನೊಂದು ಬೆಸೆಯುವ ಜೇಡಿಮಣ್ಣು ಎಂದು ಅರ್ಥ. ಮುಂದೆ 1948ರಲ್ಲಿ ಅವರು ಇಂಗ್ಲೆಂಡಿನ ರೂತ್ ವಿಲಿಯಮ್ಸ್ ಅವರನ್ನು ಮದುವೆಯಾದಾಗ ಮತ್ತೆ ದೊಡ್ಡ ಬಿರುಕು ಬಿಟ್ಟಿತು. ಬ್ರಿಟಿಷರು ಅವರನ್ನು ತಾಯ್ನಾಡಿನಿಂದಲೇ ಹೊರಗಿಟ್ಟರು, ಮರಳಲು ಸಾಧ್ಯವಾದದ್ದು 1956ರಲ್ಲಿ.

ಇವುಗಳ ಜೊತೆಗೆ ಮ್ಫೊ (ಕೊಡುಗೆ), ಕಗಿಸೊ (ಶಾಂತಿ), ಲೊರಾಟೊ (ಪ್ರೀತಿ), ನಲೆಡಿ (ನಕ್ಷತ್ರ) ಇಂಥ ಚೆಂದದ ಹೆಸರುಗಳೂ ಧಾರಾಳವಾಗಿವೆ. 2024ರ ಪ್ಯಾರಿಸ್ ಒಲಿಂಪಿಕ್ಸ್‌ನಲ್ಲಿ 200 ಮೀಟರ್ ಓಟ ಗೆದ್ದು ಬೋಟ್ಸ್ವಾನಾಕ್ಕೆ ಮೊಟ್ಟಮೊದಲ ಒಲಿಂಪಿಕ್ ಚಿನ್ನ ತಂದ ಲೆಟ್ಸಿಲೆ ಟೆಬೊಗೊ ಅವರ ಮನೆತನದ ಹೆಸರಿಗೆ ಕೃತಜ್ಞತೆ ಎಂದು ಅರ್ಥ. ಕೆಟ್ಟ ಹೆಸರು ಕೇಡನ್ನು ಕರೆಯುತ್ತದೆ ಎಂಬ ಅರ್ಥದ ‘ಇನಾ ಲೆಬೆ ಸೆರೊಮೊ’ ಎಂಬ ಗಾದೆಯೂ ಅಲ್ಲಿದೆ. ಕಣ್ಣೀರು, ಕಸ ಎಂದೆಲ್ಲ ಹೆಸರಿಡುವ ಜನಕ್ಕೆ ಈ ಗಾದೆಯೂ ಗೊತ್ತು. ಎರಡೂ ಹೇಗೆ ಹೊಂದುತ್ತವೆ ಎಂದು ಅಜ್ಜಿಯನ್ನು ಕೇಳಿದಾಗ, ಹೊಂದಲೇಬೇಕೆಂದು ಯಾರು ಹೇಳಿದರು ಎಂಬಂತೆ ನನ್ನನ್ನು ನೋಡಿದಳು.

ಈಗ ವರ್ಷಾ ಪ್ರಶ್ನೆಗೆ ಬರುತ್ತೇನೆ. ವರ್ಷಾ ಎಂಬ ಹೆಸರನ್ನು ಮೇ ತಿಂಗಳ ಉರಿಬಿಸಿಲಿನಲ್ಲಿ ಹುಟ್ಟಿದ ಮಗುವಿಗೂ ಇಡಬಹುದು, ಯಾರೂ ಏನೂ ಅನ್ನುವುದಿಲ್ಲ. ನನ್ನ ಗೆಳತಿಯ ಮಗಳು ವರ್ಷಾ ಹುಟ್ಟಿದ್ದೇ ಏಪ್ರಿಲ್‌ನಲ್ಲಿ, ಬಳ್ಳಾರಿಯಲ್ಲಿ! ನಮ್ಮಲ್ಲಿ ಹೆಸರು ಹಾರೈಕೆ, ಅಲಂಕಾರ, ಕೆಲವೊಮ್ಮೆ ಜನ್ಮನಕ್ಷತ್ರದ ಅಕ್ಷರ. ಮೊಟ್ಲಲೆಪುಲ ಎಂದು ಮಳೆಯಿಲ್ಲದ ದಿನ ಹುಟ್ಟಿದ ಮಗುವನ್ನು ಕರೆದರೆ ಅದು ಸುಳ್ಳುಸಾಕ್ಷಿಯಾಗುತ್ತದೆ. ಈ ಹೆಸರಿನವರು ಇಬ್ಬರು ಎದುರಾದರೆ ಕೇಳಬೇಕಾದ ಪ್ರಶ್ನೆ ‘ನಿನ್ನದು ಯಾವ ಮಳೆ?’ ಎಂದು. ನನ್ನ ಮಗಳ ಬಳಿ ಉತ್ತರವಿದೆ. 2017ರ ಫೆಬ್ರವರಿ, ದಿನೆಓ ಮಳೆ. ನಮ್ಮ ರೈತರು ‘ರೋಹಿಣಿ ಮಳೆಗೆ ಬಿತ್ತಿದ್ದು’ ಎನ್ನುವ ಹಾಗೆ.

ಜೊತೆಗೆ ಆ ಹೆಸರು ಅವಳೊಬ್ಬಳದೇ ಅಲ್ಲ. ಅಲ್ಲಿ ಮಗು ಹುಟ್ಟಿದ ಮೇಲೆ ತಾಯಿಯನ್ನು ಅವಳ ಹೆಸರಿನಿಂದ ಕರೆಯುವುದು ಕಡಿಮೆ. ನಮ್ಮ ಹಳ್ಳಿಗಳಲ್ಲಿ ‘ಪುಟ್ಟನ ತಾಯಿ’ ಎನ್ನುವಂತೆ ನಾನೂ ಮ್ಮಾ ಮೊಟ್ಲಲೆಪುಲ ಆದೆ. ತರಕಾರಿ ಮಾರುವವಳು, ಟ್ಯಾಕ್ಸಿಯವನು, ಗಂಡನ ಕಚೇರಿಯವರು ಎಲ್ಲರೂ ಹಾಗೆಯೇ ಕರೆಯುತ್ತಿದ್ದರು. 2020ರಲ್ಲಿ ತುಮಕೂರಿಗೆ ಬಂದು ನೆಲೆಸಿದಾಗ ಮಗಳ ಹೆಸರನ್ನು ಶಾಲೆಗೆಂದು ಮೊಟಕುಗೊಳಿಸಿ ಎಂದು ಎಷ್ಟೋ ಜನ ಬುದ್ಧಿ ಹೇಳಿದರು. ಮೊಟಕುಗೊಳಿಸಿದರೆ ನನ್ನ ಹೆಸರೂ ಹೋಗುತ್ತಿತ್ತು.

ಕಳೆದ ಮೇ ತಿಂಗಳಲ್ಲಿ ರಜೆಗೆ ಚಳ್ಳಕೆರೆಗೆ ಹೋಗಿದ್ದೆವು. ನಾಲ್ಕು ದಿನ ಕಳೆದರೂ ಮೋಡದ ಸುಳಿವಿಲ್ಲ. ಜಗಲಿಯ ಮೇಲೆ ಕಡಲೆಕಾಯಿ ಸುಲಿಯುತ್ತಿದ್ದ ಅವ್ವ ಮೊಮ್ಮಗಳನ್ನು ದುರುಗುಟ್ಟಿ ನೋಡಿ, “ಏನೇ ಪುಲ್ಲಮ್ಮ, ಹೆಸರಲ್ಲಿ ಮಳೆ ಇಟ್ಟುಕೊಂಡು ಬರಿಗೈಯಲ್ಲಿ ಬಂದಿದ್ದೀಯಲ್ಲ” ಎಂದಳು. ಮಗಳು ಸುಮ್ಮನಿರುವವಳಲ್ಲ. “ಅಜ್ಜಿ, ನನ್ನ ಹೆಸರು ಮಳೆ ತರುವವಳು ಎಂದಲ್ಲ, ಮಳೆಯ ಜೊತೆ ಬಂದವಳು ಎಂದು. ಅದು ಹೊರಟರೆ ನಾನೂ ಹೊರಡುತ್ತೇನೆ, ಅಷ್ಟೆ” ಎಂದಳು. ಅವ್ವ ಆ ಮಾತನ್ನು ಸ್ವಲ್ಪ ಹೊತ್ತು ತೂಗಿ ನೋಡಿ, ಸಿಪ್ಪೆ ಒಂದು ಕಡೆ ತಳ್ಳಿ, “ಹಾಗಾದರೆ ಎದ್ದು ಆ ಕೊಡ ಹಿಡಿದುಕೋ, ಟ್ಯಾಂಕರ್ ಬರುವ ಹೊತ್ತಾಯಿತು” ಎಂದಳು.