ಲ್ಯಾಂಕಾಸ್ಟರ್‌ನ ಸಮಾಧಿ, ನಮ್ಮೂರಿನ ಹಳ್ಳ

"ಅಪ್ಪಾ, ಅಜ್ಜನನ್ನು ಸುಟ್ಟ ಜಾಗದಲ್ಲಿ ಯಾರನ್ನು ಬೇಕಾದರೂ ಸುಡಬಹುದಾ?" ಎಂದು ಒಂಬತ್ತು ವರ್ಷದ ಮಗಳು ಕೇಳಿದ ಪ್ರಶ್ನೆಗೆ ಉತ್ತರ ಕೊಡಲು ನನಗೆ ಮೂರು ವಾರ ಬೇಕಾಯಿತು.

ಶನಿವಾರ ಈಜು ತರಗತಿ ಮುಗಿಸಿಕೊಂಡು ಬರುವಾಗ ನಾವಿಬ್ಬರೂ ಅಮೆರಿಕದ ಪೆನ್ಸಿಲ್ವೇನಿಯಾ ರಾಜ್ಯದ ಲ್ಯಾಂಕಾಸ್ಟರ್ ಪಟ್ಟಣದೊಳಗಿನ ಒಂದು ಪುಟ್ಟ ಸ್ಮಶಾನಕ್ಕೆ ಹೋಗಿದ್ದೆವು. ಶಾಲೆಯಲ್ಲಿ ಅವಳಿಗೆ, ಗುಲಾಮಗಿರಿಯನ್ನು ವಿರೋಧಿಸಿದ ಅಮೆರಿಕದ ಸಂಸದ ಥಡ್ಡಿಯಸ್ ಸ್ಟೀವನ್ಸ್ ಅವರ ಪಾಠವಾಗಿತ್ತು. ಅಲ್ಲಿರುವ ಅವರ ಸಮಾಧಿಯ ಮೇಲಿನ ಬರಹವನ್ನು ಕಣ್ಣಾರೆ ಓದಬೇಕೆಂದು ಹಟ ಹಿಡಿದಿದ್ದಳು. ಏಕಾಂತದ ಮೇಲಿನ ಒಲವಿನಿಂದ ನಾನು ಇಲ್ಲಿ ಮಲಗಿಲ್ಲ, ಬೇರೆ ಸ್ಮಶಾನಗಳ ನಿಯಮಗಳು ಜನಾಂಗ ನೋಡಿ ಜಾಗ ಕೊಡುತ್ತವೆ, ಬದುಕಿನುದ್ದಕ್ಕೂ ಪ್ರತಿಪಾದಿಸಿದ ಸಮಾನತೆಯನ್ನು ಸಾವಿನಲ್ಲಿಯೂ ತೋರಿಸಲೆಂದು ಈ ಜಾಗವನ್ನು ಆರಿಸಿಕೊಂಡೆ ಎಂಬುದು ಆ ಬರಹದ ಸಾರಾಂಶ. ಅದನ್ನು ಓದಿ ಮುಗಿಸಿದವಳು ನನ್ನ ಕಡೆ ತಿರುಗಿ ಆ ಪ್ರಶ್ನೆ ಕೇಳಿದಳು.

ಸ್ಟೀವನ್ಸ್ ಹುಟ್ಟಿದ್ದು 1792ರಲ್ಲಿ, ವರ್ಮಾಂಟ್‌ನ ಬಡ ಕುಟುಂಬದಲ್ಲಿ, ತಿರುಚಿದ ಪಾದದೊಂದಿಗೆ. ತಂದೆ ಮನೆ ಬಿಟ್ಟು ಹೋದ ಮೇಲೆ ತಾಯಿಯೇ ದುಡಿದು ಓದಿಸಿದಳು. ಗೆಟ್ಟಿಸ್‌ಬರ್ಗ್‌ನಲ್ಲಿ ವಕೀಲಿ ಆರಂಭಿಸಿದ ಅವರು 1821ರಲ್ಲಿ ಒಬ್ಬ ಗುಲಾಮ ಮಾಲೀಕನ ಪರವಾಗಿ ವಾದಿಸಿ ಗೆದ್ದರು. ಸ್ವಾತಂತ್ರ್ಯಕ್ಕಾಗಿ ನ್ಯಾಯಾಲಯಕ್ಕೆ ಬಂದಿದ್ದ ಚಾರಿಟಿ ಬಟ್ಲರ್ ಎಂಬ ತಾಯಿ, ಆ ಗೆಲುವಿನಿಂದಾಗಿ ಮಕ್ಕಳೊಂದಿಗೆ ಮತ್ತೆ ಗುಲಾಮಗಿರಿಗೆ ಮರಳಬೇಕಾಯಿತು. ಅವರ ಬದುಕಿನ ಈ ಕಲೆಯನ್ನು ಮುಚ್ಚಿಟ್ಟು ಬರೆಯುವುದು ಸರಿಯಲ್ಲ. ಮುಂದೆ ಅವರು ಓಡಿಬಂದ ಗುಲಾಮರ ಪರ ವಾದಿಸುವ ವಕೀಲರಾದರು. ಪೆನ್ಸಿಲ್ವೇನಿಯಾ ಶಾಸನಸಭೆಯು ಬಡವರ ಮಕ್ಕಳೂ ಓದಬಹುದಾದ ಉಚಿತ ಶಾಲೆಗಳ ಕಾಯಿದೆಯನ್ನು 1835ರಲ್ಲಿ ರದ್ದುಗೊಳಿಸಲು ಹೊರಟಾಗ, ಅದನ್ನು ಉಳಿಸಿದ್ದು ಅವರ ಭಾಷಣ. ಕಪ್ಪು ಜನರ ಮತದಾನದ ಹಕ್ಕನ್ನು ಕಿತ್ತುಕೊಂಡ 1838ರ ರಾಜ್ಯ ಸಂವಿಧಾನಕ್ಕೆ ಅವರು ಸಹಿ ಹಾಕಲಿಲ್ಲ.

ಅಂತರ್ಯುದ್ಧದ ನಂತರ, ಅಮೆರಿಕದ ನೆಲದಲ್ಲಿ ಹುಟ್ಟಿದವರೆಲ್ಲ ಪ್ರಜೆಗಳೆಂದು ಹೇಳುವ, ಅಲ್ಲಿನ ಸಂವಿಧಾನದ ಹದಿನಾಲ್ಕನೆಯ ತಿದ್ದುಪಡಿಯನ್ನು ಸಂಸತ್ತಿನಲ್ಲಿ ಮುನ್ನಡೆಸಿದವರಲ್ಲಿ ಅವರೂ ಒಬ್ಬರು. ಅದು 1868ರ ಜುಲೈನಲ್ಲಿ ಜಾರಿಗೆ ಬಂತು, ಆಗಸ್ಟ್‌ನಲ್ಲಿ ಅವರು ತೀರಿಕೊಂಡರು. ನನ್ನ ಮಗಳು ಈ ದೇಶದ ಪ್ರಜೆಯಾಗಿರುವುದು ಆ ತಿದ್ದುಪಡಿಯ ಮೊದಲ ವಾಕ್ಯದಿಂದ. ಅದರಲ್ಲಿರುವ 'ಕಾನೂನುಗಳ ಸಮಾನ ರಕ್ಷಣೆ' ಎಂಬ ಮಾತೇ ನಮ್ಮ ಸಂವಿಧಾನದ 14ನೆಯ ವಿಧಿಯಲ್ಲಿಯೂ ಇದೆ ಎಂಬುದನ್ನು ಕಾಲೇಜಿನಲ್ಲಿ ನಾನು ಪರೀಕ್ಷೆಗಾಗಿ ಬಾಯಿಪಾಠ ಮಾಡಿದ್ದೆ.

ಬಾಯಿಪಾಠ ಮಾಡಿದ್ದ ಅದೇ ವರ್ಷ, ಮುಂಗಾರಿನ ಜೋರು ಮಳೆಯಲ್ಲಿ, ನಮ್ಮ ತೋಟದಲ್ಲಿ ನಲವತ್ತು ವರ್ಷ ದುಡಿದ ಮುದುಕ ತೀರಿಕೊಂಡ. ನಮ್ಮ ಮನೆಯ ಹಿರಿಯರ ಚಿತೆಗಳಿಗೆಲ್ಲ ಸೌದೆ ಒಡೆದು ಹೊತ್ತು ತಂದವನು ಅವನೇ. ಊರವರ ಸ್ಮಶಾನ ರಸ್ತೆಯ ಪಕ್ಕದಲ್ಲಿತ್ತು. ಅವನ ಕೇರಿಯವರು ಮಣ್ಣು ಮಾಡುವ ಜಾಗವಿದ್ದುದು ಹಳ್ಳದ ಆಚೆ. ಎದೆಮಟ್ಟದ ಕೆಂಪು ನೀರಿನಲ್ಲಿ ನಾಲ್ವರು ಚಟ್ಟವನ್ನು ತಲೆಯ ಮೇಲೆತ್ತಿ ಹಿಡಿದು ದಾಟುತ್ತಿದ್ದುದನ್ನು ನಾನು ಈಚೆ ದಡದಲ್ಲಿ ಛತ್ರಿ ಹಿಡಿದು ನಿಂತು ನೋಡಿದ್ದೆ. ಮಣ್ಣಿಗೆ ಹೋಗಬೇಕೆಂದು ಮನೆಯಲ್ಲಿ ಯಾರೂ ಹೇಳಲಿಲ್ಲ, ನನಗೂ ತೋಚಲಿಲ್ಲ.

ಕಳೆದ ವಾರ ಊರಿಗೆ ಫೋನ್ ಮಾಡಿದಾಗ ಅಣ್ಣನನ್ನು ಕೇಳಿದೆ. ಹಳ್ಳಕ್ಕೆ ಸೇತುವೆಯಾಗಿದೆಯಂತೆ. ಸ್ಮಶಾನಗಳು ಮಾತ್ರ ಎರಡೇ ಇವೆಯಂತೆ.

ಆ ರಾತ್ರಿ ಊಟಕ್ಕೆ ಕುಳಿತಾಗ ಮಗಳಿಗೆ ಇಲ್ಲ ಎಂದು ಉತ್ತರ ಕೊಟ್ಟು, ಹಳ್ಳ ದಾಟಿದ ಆ ದಿನವನ್ನು ಇದ್ದದ್ದು ಇದ್ದ ಹಾಗೆ ಹೇಳಿದೆ. ಅವಳು ತುತ್ತು ನಿಲ್ಲಿಸಿ ಕೇಳಿದಳು, "ಆ ತಾತನ ಹೆಸರು ಏನಪ್ಪಾ?"

ನನಗೆ ಗೊತ್ತಿದ್ದುದು ಮನೆಯವರೆಲ್ಲ ಅವನನ್ನು ಕರೆಯುತ್ತಿದ್ದ ಅಡ್ಡಹೆಸರು ಮಾತ್ರ.