ನ್ಯಾಯಮೂರ್ತಿಗಳ ಹಿರಿತನದ ಲೆಕ್ಕ

ನ್ಯಾಯಮೂರ್ತಿ ಬಿ.ವಿ. ನಾಗರತ್ನ ಅವರು ಹಿರಿತನದ ಸಾಲಿನಂತೆ 2027ರಲ್ಲಿ ದೇಶದ ಮೊದಲ ಮಹಿಳಾ ಸಿಜೆಐ (ಭಾರತದ ಮುಖ್ಯ ನ್ಯಾಯಮೂರ್ತಿ) ಆಗಬೇಕು. ಅವಧಿ 36 ದಿನ. ಇಷ್ಟೇ ಏಕೆ ಎಂದು ಬಹಳ ಮಂದಿ ಕೇಳುತ್ತಾರೆ.

2021ರ ಆಗಸ್ಟ್ 31ರಂದು ಸುಪ್ರೀಂ ಕೋರ್ಟಿನಲ್ಲಿ ಒಂದೇ ದಿನ ಒಂಬತ್ತು ಮಂದಿ ಪ್ರಮಾಣವಚನ ಸ್ವೀಕರಿಸಿದರು. ದಿನ ಒಂದೇ ಆದರೂ ಮೊದಲು ಓದಿದವರೇ ಹಿರಿಯರು. ಅಂದು ವಿಕ್ರಮ್ ನಾಥ್ ಅವರ ಸರದಿ ನಾಗರತ್ನ ಅವರಿಗಿಂತ ಮುಂಚೆ ಬಂತು. ಸುಪ್ರೀಂ ಕೋರ್ಟಿನಲ್ಲಿ ನಿವೃತ್ತಿ 65ಕ್ಕೆ. ವಿಕ್ರಮ್ ನಾಥ್ ಅವರಿಗೆ ಅಷ್ಟು ತುಂಬುವುದು 2027ರ ಸೆಪ್ಟೆಂಬರ್ 24ಕ್ಕೆ, ನಾಗರತ್ನ ಅವರಿಗೆ ಅಕ್ಟೋಬರ್ 30ಕ್ಕೆ. ಹುಟ್ಟುಹಬ್ಬದ ಹಿಂದಿನ ದಿನವೇ ಸೇವೆಯ ಕೊನೆಯ ದಿನ. ನಡುವೆ ಉಳಿಯುವುದು ಅಷ್ಟೇ. ಅವರ ತಂದೆ ಇ.ಎಸ್. ವೆಂಕಟರಾಮಯ್ಯ ಅವರಿಗೂ ಆ ಹುದ್ದೆ ಸಿಕ್ಕಿದ್ದು 1989ರ ಜೂನ್ 19ರಿಂದ ಡಿಸೆಂಬರ್ 17ರವರೆಗೆ ಮಾತ್ರ.

ಈ ಲೆಕ್ಕ ಶುರುವಾಗುವುದು ಹೈಕೋರ್ಟಿನಲ್ಲಿ. ಅರ್ಹತೆಗೆ ಹತ್ತು ವರ್ಷ ವಕೀಲಿಕೆ ಅಥವಾ ಹತ್ತು ವರ್ಷ ನ್ಯಾಯಾಂಗ ಹುದ್ದೆ ಸಾಕು, ನಿವೃತ್ತಿ 62ಕ್ಕೆ. ನಾಗರತ್ನ ಅವರು 2008ರ ಫೆಬ್ರವರಿಯಲ್ಲಿ ಕರ್ನಾಟಕ ಹೈಕೋರ್ಟಿಗೆ ಹೆಚ್ಚುವರಿ ನ್ಯಾಯಮೂರ್ತಿಯಾಗಿ ಬಂದಾಗ ಅವರಿಗೆ 45 ವರ್ಷ. ಎರಡು ವರ್ಷದ ಬಳಿಕ ಕಾಯಂ. ಈ ವಯಸ್ಸಿಗೆ ಪೀಠವೇರಿದವರಿಗೆ 17 ವರ್ಷದ ಹಾದಿಯಿದೆ. ಏಕಸದಸ್ಯ ಪೀಠ, ಇಬ್ಬರು ಕೂರುವ ವಿಭಾಗೀಯ ಪೀಠದಲ್ಲಿ ಕಿರಿಯರು, ಬಳಿಕ ಅದೇ ಪೀಠದ ಮುಖ್ಯಸ್ಥರು, ಕೊನೆಗೆ ಮುಖ್ಯ ನ್ಯಾಯಮೂರ್ತಿಯ ಜೊತೆ ಹೈಕೋರ್ಟ್ ಕೊಲಿಜಿಯಂನ, ಅಂದರೆ ನೇಮಕಕ್ಕೆ ಹೆಸರು ಶಿಫಾರಸು ಮಾಡುವ ಹಿರಿಯರ ಕೂಟದ, ಮೂವರಲ್ಲಿ ಒಬ್ಬರು. ವರ್ಗವಾದರೂ ಹಿರಿತನ ಕಳೆಯುವುದಿಲ್ಲ.

ಜಿಲ್ಲಾ ನ್ಯಾಯಾಧೀಶರ ಪಾಡು ಬೇರೆ. 57–58ಕ್ಕೆ ಬಡ್ತಿ ಬಂದರೆ ಕೈಯಲ್ಲಿ ಉಳಿಯುವುದು ನಾಲ್ಕೈದು ವರ್ಷ. ವಿಚಾರಣಾ ಕೋರ್ಟಿನಲ್ಲಿ ಸಾಕ್ಷಿಗಳ ಮುಖ ನೋಡಿ ಪಳಗಿದವರು ಮೇಲ್ಮನವಿಯಲ್ಲಿ ಸಾಕ್ಷ್ಯವನ್ನು ಅಳೆಯುವ ರೀತಿಯೇ ಬೇರೆ. ಅವರು ಸುಪ್ರೀಂ ಕೋರ್ಟ್ ತಲುಪುವುದು ಅಪರೂಪ ಎಂಬುದು ದೊಡ್ಡ ನಷ್ಟ.

ಇನ್ನು ಕಡತದ ವಿಳಂಬ. ಕೊಲಿಜಿಯಂ ಒಟ್ಟಿಗೆ ಕಳಿಸಿದ ಹೆಸರುಗಳಲ್ಲಿ ಕೆಲವಕ್ಕಷ್ಟೇ ಕೇಂದ್ರ ಮೊದಲು ಅಧಿಸೂಚನೆ ಹೊರಡಿಸಿದರೆ, ಉಳಿದವರು ಮುಂದೆ ನೇಮಕವಾದರೂ ಮೊದಲು ಬಂದವರಿಗಿಂತ ಕಿರಿಯರೇ. ಕಳೆದ ಸ್ಥಾನ ಮರಳಿ ಸಿಗುವುದಿಲ್ಲ. ಇದಕ್ಕೆಂದೇ ಸುಪ್ರೀಂ ಕೋರ್ಟ್ 2021ರ ಏಪ್ರಿಲ್ 20ರಂದು ಗಡುವು ಹಾಕಿಕೊಟ್ಟಿತು: ಗುಪ್ತಚರ ವಿಭಾಗದ ವರದಿಗೆ 4ರಿಂದ 6 ವಾರ, ಆ ವರದಿಯೂ ರಾಜ್ಯದ ಅಭಿಪ್ರಾಯವೂ ಕೈಸೇರಿದ ಮೇಲೆ ಕೇಂದ್ರಕ್ಕೆ 8ರಿಂದ 12 ವಾರ, ಕೊಲಿಜಿಯಂ ಅದೇ ಹೆಸರನ್ನು ಒಮ್ಮತದಿಂದ ಮತ್ತೆ ಕಳಿಸಿದರೆ 3ರಿಂದ 4 ವಾರದಲ್ಲಿ ನೇಮಕ. ಈ ಗಡುವನ್ನು ಕಟ್ಟುನಿಟ್ಟಾಗಿ ಪಾಲಿಸದೆ ಹಿರಿತನದ ಬಗ್ಗೆ ಎಷ್ಟು ಮಾತಾಡಿದರೂ ವ್ಯರ್ಥ.

ಹಿರಿತನವನ್ನೇ ಬದಿಗೊತ್ತಿದ ಪ್ರಸಂಗವೂ ಇದೆ. ಸಂವಿಧಾನದ ಮೂಲರಚನೆಯನ್ನು ಸಂಸತ್ತೂ ಬದಲಿಸುವಂತಿಲ್ಲ ಎಂದ ಕೇಶವಾನಂದ ಭಾರತಿ ತೀರ್ಪು 1973ರ ಏಪ್ರಿಲ್ 24ರಂದು ಬಂತು. ಅದರ ಬೆನ್ನಲ್ಲೇ ಸರ್ಕಾರ ಹಿರಿಯ ನ್ಯಾಯಮೂರ್ತಿಗಳಾದ ಶೆಲತ್, ಹೆಗ್ಡೆ, ಗ್ರೋವರ್ ಮೂವರನ್ನೂ ದಾಟಿ ಎ.ಎನ್. ರೇ ಅವರನ್ನು ಸಿಜೆಐ ಮಾಡಿತು. ಮೂವರೂ ರಾಜೀನಾಮೆ ಕೊಟ್ಟರು. ಅವರಲ್ಲಿ ಕಾರ್ಕಳ ಸೀಮೆಯ ಕೆ.ಎಸ್. ಹೆಗ್ಡೆ 1977ರಲ್ಲಿ ಬೆಂಗಳೂರು ದಕ್ಷಿಣದಿಂದ ಗೆದ್ದು ಲೋಕಸಭೆಯ ಸ್ಪೀಕರ್ ಆದರು.