ಒಂದೇ ದಿನದ ಆಲ್ಬಮ್ ಹುಡುಕಿಕೊಂಡು

ಆ ಆಲ್ಬಮ್ ಶುರುವಾಗುವುದು ಎಣಿಕೆಯಿಂದ. ‘ಒನ್, ಟೂ, ತ್ರೀ, ಫೋರ್!’ ಹಾಸ್ಟೆಲ್ಲಿನಲ್ಲಿ ಸವೆದುಹೋದ ಕ್ಯಾಸೆಟ್ಟಿನಲ್ಲಿ ಕೇಳಿದ ಆ ಕೂಗು ತಲೆಯಲ್ಲೇ ಉಳಿದುಬಿಟ್ಟಿತ್ತು. ಬೀಟಲ್ಸ್ ತಂಡದ ಮೊದಲ ಆಲ್ಬಮ್, ‘ಪ್ಲೀಸ್ ಪ್ಲೀಸ್ ಮಿ’. ಲಂಡನ್ನಿನಲ್ಲಿರುವ ತಂಗಿಯ ಮಗ ‘ಎಲ್ಲಿಂದ ಶುರು ಮಾಡೋಣ ಮಾವ?’ ಅಂದಾಗ, ಅರಮನೆ ಗಿರಮನೆ ಆಮೇಲೆ, ಮೊದಲು ಇದು ಅಂದೆ.

ಮಾರ್ಚ್ ಕೊನೆಯ ಚಳಿ. ಮೊದಲು ಹೋಗಿದ್ದು ಮ್ಯಾಂಚೆಸ್ಟರ್ ಸ್ಕ್ವೇರಿಗೆ. ಇಲ್ಲಿದ್ದ ಇಎಂಐ ಎಂಬ ರೆಕಾರ್ಡ್ ಕಂಪನಿಯ ಕಚೇರಿಯಲ್ಲೇ ಆಲ್ಬಮ್ಮಿನ ಕವರ್ ಫೋಟೋ ತೆಗೆದದ್ದು. ನಾಲ್ವರೂ ಮೆಟ್ಟಿಲಿನ ಕಂಬಿಗೆ ಒರಗಿ ಕೆಳಗೆ ಬಗ್ಗಿ ನೋಡಿ ನಗುತ್ತಿದ್ದಾರೆ. ಆಂಗಸ್ ಮೆಕ್‌ಬೀನ್ ಕೆಳಗೆ ನಿಂತು ಕ್ಲಿಕ್ಕಿಸಿದ ಚಿತ್ರ. ಆ ಕಟ್ಟಡ ಈಗಿಲ್ಲ, ಕೆಡವಿದ್ದಾರೆ. ‘ಇಲ್ಲೇನಿದೆ ನೋಡೋಕೆ?’ ಅಂದ ಹುಡುಗ. ಏನೂ ಇಲ್ಲ, ಸುಮ್ನೆ ಬಂದೆ ಅಂದೆ.

ಅಲ್ಲಿಂದ ಸೇಂಟ್ ಜಾನ್ಸ್ ವುಡ್. ಸ್ಟೇಷನ್ನಿನಿಂದ ಸ್ವಲ್ಪ ನಡೆದರೆ ಅಬ್ಬೆ ರೋಡ್. ಜೀಬ್ರಾ ಕ್ರಾಸಿಂಗಿನ ಮೇಲೆ ಜಾತ್ರೆ. ನಾಲ್ಕು ನಾಲ್ಕು ಜನ ಸಾಲಾಗಿ ದಾಟುವುದು, ಕಾರಿನವರು ಹಾರ್ನ್ ಹೊಡೆಯುವುದು. ಆದರೆ ಆ ಕ್ರಾಸಿಂಗ್ 1969ರ ‘ಅಬ್ಬೆ ರೋಡ್’ ಆಲ್ಬಮ್ಮಿನ ಕವರಿನದು. ನನಗೆ ಬೇಕಾಗಿದ್ದು ಪಕ್ಕದ ಬಿಳಿ ಗೋಡೆಯ ಹಿಂದಿನ 1963, ‘ಪ್ಲೀಸ್ ಪ್ಲೀಸ್ ಮಿ’ ರೆಕಾರ್ಡ್ ಆದ ಸ್ಟುಡಿಯೋ. ಸ್ಟುಡಿಯೋ ಒಳಗೆ ನಮ್ಮಂಥವರನ್ನು ಬಿಡುವುದಿಲ್ಲ. ಗೋಡೆಯ ತುಂಬ ಅಭಿಮಾನಿಗಳ ಗೀಚು. ಆಗಾಗ ಬಣ್ಣ ಬಳಿಯುತ್ತಾರೆ, ಮತ್ತೆ ಗೀಚುತ್ತಾರೆ.

1963ರ ಫೆಬ್ರವರಿ 11. ಬೆಳಿಗ್ಗೆ ಹತ್ತಕ್ಕೆ ಶುರು, ರಾತ್ರಿ ಹನ್ನೊಂದರ ಹತ್ತಿರ ಮುಕ್ತಾಯ. ಅಷ್ಟರಲ್ಲಿ ಹತ್ತು ಹಾಡು! ಆಗಲೇ ಬಂದಿದ್ದ ಎರಡು ಸಿಂಗಲ್ಲುಗಳ (ಬದಿಗೊಂದು ಹಾಡಿನ ಪುಟ್ಟ ರೆಕಾರ್ಡು) ನಾಲ್ಕು ಹಾಡು ಸೇರಿಸಿದರೆ ಹದಿನಾಲ್ಕು. ಇದ್ದದ್ದು ಎರಡೇ ಟ್ರ್ಯಾಕಿನ ಟೇಪು, ದನಿ, ವಾದ್ಯ ಎಲ್ಲವನ್ನೂ ಎರಡೇ ಸಾಲಿನಲ್ಲಿ ಹಿಡಿಯಬೇಕು. ಮಧ್ಯಾಹ್ನ ಸ್ಟುಡಿಯೋದವರು ಊಟಕ್ಕೆ ಪಬ್ಬಿಗೆ ಹೋದರೆ, ಇವರು ಹಾಲು ಕುಡಿದುಕೊಂಡು ಪ್ರಾಕ್ಟೀಸ್ ಮಾಡುತ್ತಿದ್ದರಂತೆ. ತಂಡದ ಹಾಡುಗಾರ ಜಾನ್ ಲೆನನ್‌ಗೆ ಜೋರು ನೆಗಡಿ. ಗಂಟಲು ಹರಿದುಹೋಗುವ ‘ಟ್ವಿಸ್ಟ್ ಅಂಡ್ ಶೌಟ್’ ಅನ್ನು ಅದಕ್ಕೇ ಕೊನೆಗೆ ಇಟ್ಟುಕೊಂಡರು. ನಾವು ಕೇಳುವುದು ಮೊದಲ ಟೇಕು, ಅಂದರೆ ಮೊದಲ ಸಲ ಹಾಡಿದ್ದು. ಎರಡನೆಯದಕ್ಕೆ ದನಿಯೇ ಇರಲಿಲ್ಲ. ನನ್ನ ಎಣಿಕೆಯ ಗುಟ್ಟೂ ಇಲ್ಲೇ ಇದೆ: ಆಲ್ಬಮ್ಮಿನ ಮೊದಲ ಹಾಡು ‘ಐ ಸಾ ಹರ್ ಸ್ಟ್ಯಾಂಡಿಂಗ್ ದೇರ್’ ಮೊದಲ ಟೇಕಿನದು, ಅದರ ಮುಂಚಿನ ‘ಒನ್ ಟೂ ತ್ರೀ ಫೋರ್’ ಒಂಬತ್ತನೆಯದು. ಕತ್ತರಿಸಿ ಅಂಟಿಸಿದ್ದಾರೆ. ಇಷ್ಟು ವರ್ಷ ನನಗೆ ಗೊತ್ತಾಗಿರಲಿಲ್ಲ ನೋಡಿ.

ಮರುದಿನ ಲಂಡನ್ನಿನ ಯೂಸ್ಟನ್ ಸ್ಟೇಷನ್ನಿನಿಂದ ಬೀಟಲ್ಸ್ ಊರು ಲಿವರ್‌ಪೂಲ್‌ಗೆ ರೈಲು. ಬುತ್ತಿಗೆ ಹುಡುಗ ಕಟ್ಟಿಸಿಕೊಂಡಿದ್ದ ಚಪಾತಿ. ಹೆಸರು ಮಾಡುವ ಮೊದಲು ತಂಡ ಹಾಡುತ್ತಿದ್ದ, ಮ್ಯಾಥ್ಯೂ ಸ್ಟ್ರೀಟಿನ ಕ್ಯಾವರ್ನ್ ಕ್ಲಬ್ಬಿನ ಮೆಟ್ಟಿಲಿಳಿದೆವು. ಆಲ್ಬಮ್ಮಿನ ನಿರ್ಮಾಪಕ ಜಾರ್ಜ್ ಮಾರ್ಟಿನ್ ಅದನ್ನು ಮೊದಲು ಈ ನೆಲಮಾಳಿಗೆಯಲ್ಲೇ ರೆಕಾರ್ಡ್ ಮಾಡುವ ಯೋಚನೆಯಲ್ಲಿದ್ದರು. ಮೂಲ ಕ್ಲಬ್ 1973ರಲ್ಲಿ ಮುಚ್ಚಿತು. ಈಗಿರುವುದು ಹಳೆಯ ಇಟ್ಟಿಗೆಗಳನ್ನೂ ಬಳಸಿ ಮತ್ತೆ ಕಟ್ಟಿದ್ದು. ಬಿಯರ್ ದುಬಾರಿ, ಟೀ ಶರ್ಟಿನ ಅಂಗಡಿ ಜಾಸ್ತಿ. ನನಗೆ ಅಷ್ಟೇನೂ ಹಿಡಿಸಲಿಲ್ಲ.

ಹಿಡಿಸಿದ್ದು 20, ಫೋರ್ತ್‌ಲಿನ್ ರೋಡ್. ತಂಡದ ಇನ್ನೊಬ್ಬ ಹಾಡುಗಾರ ಪಾಲ್ ಮೆಕಾರ್ಟ್ನಿ ಬೆಳೆದ ಮನೆ. ನಗರಸಭೆ ಬಾಡಿಗೆಗೆ ಕೊಡುತ್ತಿದ್ದ ಸಾಲುಮನೆಗಳಲ್ಲಿ ಒಂದು. ಈಗ ಪಾರಂಪರಿಕ ಕಟ್ಟಡಗಳನ್ನು ಕಾಪಾಡುವ ನ್ಯಾಷನಲ್ ಟ್ರಸ್ಟ್ ಎಂಬ ಸಂಸ್ಥೆ ನೋಡಿಕೊಳ್ಳುತ್ತದೆ. ಒಳಗೆ ಫೋಟೋ ತೆಗೆಯುವಂತಿಲ್ಲ. ಮುಂದಿನ ಕೋಣೆ ನಮ್ಮ ಕಡೆಯ ಪಡಸಾಲೆಗಿಂತ ಚಿಕ್ಕದು, ನಾವು ಹತ್ತಾರು ಜನ ನಿಂತರೆ ಭುಜಕ್ಕೆ ಭುಜ. ಶಾಲೆಗೆ ಚಕ್ಕರ್ ಹೊಡೆದು ಪಾಲ್, ಲೆನನ್ ಇಬ್ಬರೂ ಇಲ್ಲಿ ಗಿಟಾರ್ ಹಿಡಿದು ಎದುರುಬದುರು ಕೂರುತ್ತಿದ್ದರು. ಪಾಲ್ ಎಡಚ, ಹಾಗಾಗಿ ಕನ್ನಡಿ ನೋಡಿಕೊಂಡು ನುಡಿಸಿದ ಹಾಗೆ. ನನ್ನ ಎಣಿಕೆಯ ನಂತರ ಬರುವ ಆ ಮೊದಲ ಹಾಡು ಹುಟ್ಟಿದ್ದೂ ಈ ಕೋಣೆಯಲ್ಲೇ.

ಹುಡುಗ ಕಿವಿಯ ಹತ್ತಿರ ಬಂದು, ‘ಇಷ್ಟೇನಾ ಮಾವ?’ ಅಂದ.

‘ಇಷ್ಟೇ ಕಣೋ’ ಅಂದೆ. ಹೊರಗೆ ಪಕ್ಕದ ಮನೆಯವರೊಬ್ಬರು ಕಸದ ತೊಟ್ಟಿ ಎಳೆದುಕೊಂಡು ಹೋಗುತ್ತಿದ್ದರು. ನಮ್ಮತ್ತ ತಿರುಗಿಯೂ ನೋಡಲಿಲ್ಲ.